ಹವಾ ಗಲ್ಲಿಯ ಈಶಮ್ಮ

ಮಾಘದ ಚಳಿ. ಹಳೇಗಂಜಿನ ಗೋದಾಮುಗಳ ತಗಡಿನ ಮೇಲೆ ಇನ್ನೂ ಬಿಸಿಲು ಬಿದ್ದಿಲ್ಲ. ಎರಡು ಗೋದಾಮುಗಳ ನಡುವಿನ ಗಲ್ಲಿಯಲ್ಲಿ, ಮೂರು ಕಾಲಿನ ಎತ್ತರದ ಮಣೆಯ ಮೇಲೆ ಈಶಮ್ಮ ನಿಂತಿದ್ದಾರೆ. ಸೀರೆಯ ಸೆರಗನ್ನು ಸೊಂಟಕ್ಕೆ ಬಿಗಿದಿದ್ದಾರೆ, ತಲೆಗೆ ಹಳೆಯ ಟವೆಲ್ಲು ಸುತ್ತಿದ್ದಾರೆ. ತೊಗರಿ ತುಂಬಿದ ಮೊರ ಹೆಗಲ ಮಟ್ಟಕ್ಕೆ ಬಂದು ಅಲ್ಲೇ ತಡೆದು ನಿಂತಿದೆ. ಅವರು ಕಾಯುತ್ತಿದ್ದಾರೆ.

ಗಲ್ಲಿಯ ಮೂಡಣ ತುದಿಯಲ್ಲಿ ಒಂದು ಕಾಗದದ ಚೂರು ಏಳುತ್ತದೆ. ಈಶಮ್ಮನ ಮುಂಗೈ ಅಷ್ಟಿಷ್ಟೇ ವಾಲುತ್ತದೆ. ಕಾಳು ನೆಟ್ಟಗೆ ಕೆಳಗಿಳಿದು ರಾಶಿ ಸೇರುತ್ತದೆ. ಹೊಟ್ಟು ಮಾತ್ರ ಹೊಗೆಯ ಹಾಗೆ ಎದ್ದು ಗಲ್ಲಿಯ ಪಡುವಣ ತುದಿಯ ಕಡೆ ತೇಲುತ್ತ ಹೋಗುತ್ತದೆ. ಗಾಳಿ ನಿಂತರೆ ಮೊರವೂ ನಿಲ್ಲುತ್ತದೆ. ಕೆಳಗೆ ನಿಂತ ಜೊತೆಗಾರ್ತಿ ಮಥುರಾಬಾಯಿ ಎಡಗೈಯಿಂದ ಮುಂದಿನ ಬುಟ್ಟಿಯನ್ನು ಎತ್ತಿ ಕೊಡುತ್ತಾರೆ. ಅವರ ಬಲ ಮಣಿಕಟ್ಟು ಸೊಟ್ಟಗಾಗಿದೆ. ಭಾರ ತಡೆಯುವುದಿಲ್ಲ.

"ಗಾಳಿ ಅಂದ್ರ ಅಳಿಯ ಇದ್ದಂಗ್ರಿ," ಎನ್ನುತ್ತಾರೆ ಈಶಮ್ಮ, ಮಣೆಯ ಮೇಲಿಂದಲೇ. "ಕರದ್ರ ಬರಂಗಿಲ್ಲ. ಬಂದಾಗ ಬಿಡಬಾರದು."

ಗಡಿಯಾಚೆಯ ತೆಲುಗು ನಾಡಿನಲ್ಲಿ, ನಾರಾಯಣಖೇಡದಿಂದ ಕಂಗ್ಟಿಗೆ ಹೋಗುವ ದಾರಿಯಲ್ಲಿ ಬರುವ ಈ ಹಳೇಗಂಜ್ ಎಂಬ ಕಾಳಿನ ಪೇಟೆ ಹೆಸರಿಗೆ ತಕ್ಕಂತೆ ಹಳೆಯದೇ. ಮಾತು ಮೂರು ತರಹ. ಮನೆಯಲ್ಲಿ ಕನ್ನಡ, ಕಚೇರಿಯಲ್ಲಿ ತೆಲುಗು, ವ್ಯಾಪಾರಕ್ಕೆ ದಖನಿ ಉರ್ದು. ಒಂದು ಕಾಲಕ್ಕೆ ಮನೂರ್, ಕಂಗ್ಟಿ ಸುತ್ತಿನ ಹಳ್ಳಿಗಳ ತೊಗರಿ, ಹೆಸರು, ಉದ್ದು, ಕಡಲೆ ಎಲ್ಲ ಇಲ್ಲಿಗೇ ಗಾಡಿಯಲ್ಲಿ ಬರುತ್ತಿತ್ತು. ಇಲ್ಲಿ ಹಸನಾಗಿ, ಚೀಲ ಸೇರಿ, ತಾಂಡೂರಿನ ಬೇಳೆ ಮಿಲ್ಲುಗಳಿಗೆ ಹೋಗುತ್ತಿತ್ತು. ಹಸನು ಮಾಡುವುದೆಂದರೆ ಗಾಳಿಗೆ ತೂರುವುದು, ಮೊರದಲ್ಲಿ ಕೇರುವುದು, ಕಲ್ಲು ಮಣ್ಣು ಆರಿಸುವುದು. ಎಲ್ಲವೂ ಹೆಂಗಸರ ಕೆಲಸ. ಊರಿನ ಮೂಡಣದ ಬಯಲಿಗೂ ಪಡುವಣದ ಕೆರೆ ಏರಿಗೂ ನೇರ ಸಂದು ಕೊಡುವ ಗಲ್ಲಿ ಇದೊಂದೇ. ಚಳಿಗಾಲದಲ್ಲಿ ಮೂಡಣದಿಂದ, ಬೇಸಿಗೆಯಲ್ಲಿ ಪಡುವಣದಿಂದ ಗಾಳಿ ಬೀಸುತ್ತದೆ. ಹಾಗಾಗಿ ದಖನಿ ಮಾತಿನ ಯಾರೋ ಹಮಾಲರು ಇದನ್ನು ಹವಾ ಗಲ್ಲಿ ಎಂದು ಕರೆದರು. ಹೆಸರು ಹಾಗೇ ಉಳಿಯಿತು.

ಈಶಮ್ಮ ಈ ಗಲ್ಲಿಗೆ ಬಂದದ್ದು ತಾಯಿ ಸಾಯಮ್ಮನ ಸೊಂಟದ ಮೇಲೆ ಕೂತು. ಸಾಯಮ್ಮ ತೂರುತ್ತಿದ್ದರೆ, ಕೂಸು ಖಾಲಿ ಗೋಣಿಯ ಮೇಲೆ ಮಲಗಿ ಮೈತುಂಬ ಹೊಟ್ಟು ಮೆತ್ತಿಕೊಳ್ಳುತ್ತಿತ್ತು. ಸುಗ್ಗಿಯಲ್ಲಿ ಈ ತುದಿಯಿಂದ ಆ ತುದಿಯವರೆಗೆ ಮಣೆಗಳ ಸಾಲು. ಗಾಳಿ ಬಿದ್ದುಹೋದಾಗ ಹೆಂಗಸರೆಲ್ಲ ಕೆಳಗಿಳಿದು ಎಲೆ ಅಡಿಕೆ ಬಿಚ್ಚುತ್ತಿದ್ದರು, ಒಬ್ಬರ ತಲೆಯಿಂದ ಒಬ್ಬರು ಹೊಟ್ಟು ಬಿಡಿಸುತ್ತಿದ್ದರು. ಯಾರ ಮನೆಯಲ್ಲಿ ಯಾರು ಬಸುರಿ, ಯಾರ ಗಂಡ ಕುಡಿದು ಬಂದ, ಯಾವ ಊರಿನ ಹೆಸರುಬೇಳೆ ಬೇಗ ಬೇಯುತ್ತದೆ, ಎಲ್ಲ ಆ ಹೊತ್ತಿನಲ್ಲೇ ತಿಳಿಯುತ್ತಿತ್ತು. ಮತ್ತೆ ಗಾಳಿ ಎದ್ದರೆ ಅರ್ಧ ಆಡಿದ ಮಾತನ್ನು ಅಲ್ಲೇ ಬಿಟ್ಟು ಮಣೆ ಹತ್ತುತ್ತಿದ್ದರು.

ಆ ದಿನಗಳನ್ನು ನೆನೆಯುವಾಗ ಈಶಮ್ಮನ ದನಿ ಮೆತ್ತಗಾಗುತ್ತದೆ. ಆದರೆ ಹಳೆಯದೆಲ್ಲ ಒಳ್ಳೆಯದಿತ್ತು ಎಂದು ಅವರು ಹೇಳುವುದಿಲ್ಲ. ಗಲ್ಲಿಯ ತುದಿಯ ಬಾವಿಯಿಂದ ಸಾಯಮ್ಮ ನೀರು ಸೇದುವಂತಿರಲಿಲ್ಲ. ಕೇರಿಯ ಹೆಂಗಸರು ದೂರ ನಿಂತು ಬೊಗಸೆ ಒಡ್ಡಬೇಕಿತ್ತು.

"ನೀರಿಗಿ ಮಂದಿ ಬಾಯಿ ನೋಡ್ಕೋತ ನಿಂದರಬೇಕಿತ್ರಿ. ಯಾರರೆ ಮ್ಯಾಲಿಂದ ಹಾಕಿದ್ರ ಕುಡೀಬೇಕು. ಗಾಳಿಗಿ ಹಂಗಿರಲಿಲ್ಲ. ಅದು ನಮ್ಮವ್ವಗೂ ಬರ್ತಿತ್ತು, ಸಾವ್ಕಾರ್ತಿಗೂ ಬರ್ತಿತ್ತು. ಅದಕ್ಕ ನಮ್ಮವ್ವಗ ಈ ಗಲ್ಲಿ ಅಂದ್ರ ಜೀವ."

ಮನೂರ್ ಕಡೆಯ ಪೋಚಪ್ಪ ಗಂಜಿನಲ್ಲಿ ಹಮಾಲಿ ಮಾಡುತ್ತಿದ್ದರು. ಈಶಮ್ಮ ಹಸನು ಮಾಡಿದ ಕಾಳನ್ನು ಅವರು ಚೀಲದಲ್ಲಿ ಹೊರುತ್ತಿದ್ದರು. ಮದುವೆಯ ಮಾತು ನಡೆದದ್ದೂ ಇಲ್ಲಿಯೇ, ಎರಡು ಗಾಳಿಗಳ ನಡುವೆ. ಈಗ ಪೋಚಪ್ಪನಿಗೆ ಬೆನ್ನು ಬಾಗಿದೆ. ಗೋಣಿ ಹೊಲಿಯುವ ದಬ್ಬಣ ಹಿಡಿದು ಗಲ್ಲಿಯ ಬಾಯಲ್ಲೇ ಕೂತಿರುತ್ತಾರೆ. ಮನೆಯ ಗೋಡೆಯ ಮೇಲೆ ಬುದ್ಧ, ಬಾಬಾಸಾಹೇಬರ ಪಟಗಳಿವೆ. ಬಾವಿಯೂ ಈಗ ಎಲ್ಲರದು, ಅದರಲ್ಲಿ ನೀರು ಮಾತ್ರ ಇಲ್ಲ.

ತಾಂಡೂರಿನಲ್ಲಿ ದೊಡ್ಡ ಯಂತ್ರಗಳು ಬಂದ ಮೇಲೆ ಗಂಜಿಗೆ ಗಾಡಿಗಳು ಬರುವುದು ಕಡಿಮೆಯಾಯಿತು. ಸಾಲು ಮಣೆಗಳ ಜಾಗದಲ್ಲಿ ಈಗ ಐದಾರು ಹೆಂಗಸರು ಉಳಿದಿದ್ದಾರೆ. ಬಿತ್ತುವ ಬೀಜಕ್ಕೆ, ಮನೆಯ ಬಳಕೆಯ ಬೇಳೆಗೆ ರೈತರು ಇನ್ನೂ ಇವರ ಕೈಯನ್ನೇ ನೆಚ್ಚುತ್ತಾರೆ. ಯಂತ್ರದಲ್ಲಿ ಕಾಳಿನ ಮೂತಿ ಒಡೆಯುತ್ತದೆ, ಒಡೆದ ಬೀಜ ಮೊಳೆಯುವುದಿಲ್ಲ ಎನ್ನುವುದು ಅವರ ನಂಬಿಕೆ. ಗಾಳಿ ಚೆನ್ನಾಗಿದ್ದ ದಿನ ಈಶಮ್ಮ ಮೂರು ಚೀಲ ತೂರುತ್ತಾರೆ. ಇಲ್ಲದ ದಿನ ಒಂದೂ ಆಗುವುದಿಲ್ಲ.

ಹೀಗೆ ಹೇಗೋ ನಡೆಯುತ್ತಿದ್ದ ಕೆಲಸಕ್ಕೆ ಕುತ್ತು ಬಂದದ್ದು ಕೆಲವು ವರ್ಷಗಳ ಹಿಂದಿನ ಒಂದು ಮಳೆಗಾಲದಲ್ಲಿ. ಆಷಾಢ, ಶ್ರಾವಣದಲ್ಲಿ ತೂರುವ ಕೆಲಸವಿರುವುದಿಲ್ಲ. ಹೆಂಗಸರು ಕಳೆ ಕೀಳಲು ಹೊಲಕ್ಕೆ ಹೋಗಿರುತ್ತಾರೆ. ಹೆಸರು ಕೊಯ್ಲಾಗಿ ಈಶಮ್ಮ ಮೊರ ಹಿಡಿದು ಬಂದಾಗ ಗಲ್ಲಿಯೇ ಕಾಣಲಿಲ್ಲ. ಪಡುವಣ ಬಾಯಿಯಲ್ಲಿ ನಾಲ್ಕು ಕಂಬ ಎದ್ದಿದ್ದವು. ಅವುಗಳ ನಡುವೆ ಗೋಡೆ ಏರುತ್ತಿತ್ತು.

ಕಟ್ಟಿಸುತ್ತಿದ್ದವರು ಬಸವರಾಜ, ಬಲಗಡೆಯ ಗೋದಾಮಿನ ಮಾಲೀಕರು. ಅವರ ತಂದೆಯನ್ನು ಊರು ಹಿರಿ ಸಾವ್ಕಾರ ಎನ್ನುತ್ತಿತ್ತು. ಸಾಯಮ್ಮನೂ ಈಶಮ್ಮನೂ ತೂರಿದ್ದರಲ್ಲಿ ಹೆಚ್ಚು ಪಾಲು ಆ ಮನೆಯ ಕಾಳೇ. ಬಸವರಾಜ ಹುಡುಗನಾಗಿದ್ದಾಗ ರಾಶಿಯ ಮೇಲೆ ಜಾರಿ ಆಡುತ್ತಿದ್ದರೆ ಈಶಮ್ಮನೇ ಕಿವಿ ಹಿಂಡಿ ಇಳಿಸುತ್ತಿದ್ದರಂತೆ. ಕಾಳಿನ ವ್ಯಾಪಾರ ಬಿದ್ದುಹೋದ ಮೇಲೆ ಅವರಿಗೂ ದಿಕ್ಕು ತೋಚಿರಲಿಲ್ಲ. ಗೋದಾಮನ್ನು ಗಲ್ಲಿಯವರೆಗೆ ಚಾಚಿ ಕೆಳಗೆ ದುಕಾನು, ಮೇಲೆ ಬಾಡಿಗೆ ಕೋಣೆ ಮಾಡುವ ಯೋಚನೆ ಮಾಡಿದ್ದರು.

ಈಶಮ್ಮ ಹೋಗಿ ಕೇಳಿದರು. ಪಂಚಾಯಿತಿ ಅನುಮತಿ ಕೊಟ್ಟಿದೆ, ಇಷ್ಟಕ್ಕೂ ಈಗ ಈ ಗಲ್ಲಿಯಲ್ಲಿ ಓಡಾಡುವವರು ಯಾರಿದ್ದಾರೆ ಎಂದು ಬಸವರಾಜ ಸಮಾಧಾನದಿಂದಲೇ ಹೇಳಿದರು. ನಿಜವೇ, ಓಡಾಡುವವರು ಕಡಿಮೆಯಾಗಿದ್ದರು.

ಪಂಚಾಯಿತಿ ಕಾರ್ಯದರ್ಶಿಯ ಬಳಿ ಹೋದರು. ನೋಡುತ್ತೇನೆ ಎಂದರು. ಮುಂದಿನ ವಾರ ಹೋದರೆ ಸರಪಂಚರನ್ನು ಕೇಳಿ ಎಂದರು. ಸರಪಂಚರು ಕಾರ್ಯದರ್ಶಿಯನ್ನು ತೋರಿಸಿದರು. ಯಾರೋ ಬರೆದುಕೊಟ್ಟ ತೆಲುಗು ಅರ್ಜಿಯೊಂದನ್ನು ಈಶಮ್ಮ ಕಾರ್ಯದರ್ಶಿಯ ಮೇಜಿನ ಮೇಲಿಟ್ಟು ಬಂದರು. ಅದು ಎಲ್ಲಿ ಹೋಯಿತೋ ತಿಳಿಯಲಿಲ್ಲ. ಅಷ್ಟರಲ್ಲಿ ಗೋಡೆ ಮುಗಿದು, ಮೇಲೆ ಚಾವಣಿ ಬಿತ್ತು. ಗಲ್ಲಿ ಒಂದು ಕಡೆ ಮುಚ್ಚಿದ ಚೀಲವಾಯಿತು. ಒಳಗೆ ಹೋದ ಗಾಳಿ ಹೊರಬೀಳಲು ದಾರಿ ಇಲ್ಲದೆ ಹೊಟ್ಟನ್ನು ತಿರುಗಿಸಿ ಇವರ ಕಣ್ಣಿಗೇ ಎರಚತೊಡಗಿತು.

ಹೆಂಗಸರು ಮಣೆಗಳನ್ನು ಎತ್ತಿಕೊಂಡು ಡಾಂಬರು ರಸ್ತೆಯ ಬದಿಗೆ ಹೋದರು. ಅಲ್ಲಿ ಗಾಳಿಯೇನೋ ಇತ್ತು, ಜೊತೆಗೆ ದೂಳಿತ್ತು, ಲಾರಿಗಳಿದ್ದವು. ಹಸನು ಮಾಡಿದ ಕಾಳಿನಲ್ಲಿ ಮತ್ತೆ ಮಣ್ಣು ಬೀಳುತ್ತಿತ್ತು. ರೈತರು ಗೊಣಗಿದರು. ಇಬ್ಬರು ಹೆಂಗಸರು ಮೊರ ಕಟ್ಟಿಟ್ಟು ಜಹೀರಾಬಾದಿಗೆ ಕೂಲಿಗೆ ಹೋದರು. ಒಂದು ಮುಂಜಾನೆ ಲಾರಿಯೊಂದು ಬದಿಗೆ ಸರಿದು ಬಂದಾಗ ಬೆದರಿ ಮಣೆಯಿಂದ ಹಾರಿದ ಮಥುರಾಬಾಯಿ ಬಲಗೈ ಊರಿ ಬಿದ್ದರು. ಮಣಿಕಟ್ಟು ಮುರಿಯಿತು.

"ಆಕಿನ ಆಟೋದಾಗ ಹಾಕ್ಕೊಂಡು ದವಾಖಾನಿಗಿ ಹೊಂಟಾಗ ನನ್ನ ತಲ್ಯಾಗ ಒಂದ ಮಾತ್ರಿ," ಎಂದು ಈಶಮ್ಮ ನೆನೆಯುತ್ತಾರೆ. "ಗಲ್ಲಿ ಇದ್ದಿದ್ರ ಈಕಿ ಬೀಳ್ತಿದ್ದಿಲ್ಲ. ಗಲ್ಲಿ ಹೋಗಾಕ ನಾನೂ ಸುಮ್ನ ಕುಂತಿದ್ದೇ ಕಾರಣ."

ಆದರೂ ಮುಂದೆ ಏನು ಮಾಡಬೇಕೆಂದು ತೋರಿಸಿದ್ದು ಒಂದು ಅರ್ಧ ಚೀಲ ತೊಗರಿ. ನಾರಾಯಣಖೇಡದ ನ್ಯಾಯಾಲಯದಲ್ಲಿ ವಕೀಲಿ ಮಾಡುವ ಶಿಲ್ಪಾರಾಣಿ, ಕಂಗ್ಟಿ ಕಡೆಯ ತವರಿನಿಂದ ತಂದ ತೊಗರಿಯನ್ನು ಹಸನು ಮಾಡಿಸಲು ಬಂದಿದ್ದರು. ಅವರ ತಾಯಿಯೂ ಹವಾ ಗಲ್ಲಿಗೇ ಕಾಳು ಕಳಿಸುತ್ತಿದ್ದವರು. ಲಾರಿಗಳ ಪಕ್ಕ ಯಾಕೆ ನಿಂತಿದ್ದೀರಿ ಎಂದು ಕೇಳಿದರು. ಈಶಮ್ಮ ತೂರುತ್ತಲೇ ಎಲ್ಲ ಹೇಳಿದರು. ಶಿಲ್ಪಾರಾಣಿ ರಸ್ತೆ ಬದಿಯ ಕಲ್ಲಿನ ಮೇಲೆ ಕೂತು ಕೊನೆಯವರೆಗೂ ಕೇಳಿದರು. ಆಮೇಲೆ ಒಂದೇ ಪ್ರಶ್ನೆ ಹಾಕಿದರು.

"ಅರ್ಜಿ ಕೊಟ್ಟಾಗ ಇನ್ನೊಂದು ಪ್ರತಿ ಮ್ಯಾಲ ಪಂಚಾಯಿತಿ ಮುದ್ರಿ ಹಾಕಿಸ್ಕೊಂಡೀರೇನವ್ವಾ?"

ಈಶಮ್ಮ ಹಾಕಿಸಿಕೊಂಡಿರಲಿಲ್ಲ. ಇನ್ನೊಂದು ಪ್ರತಿ ಇಟ್ಟುಕೊಳ್ಳಬೇಕೆಂದೇ ಗೊತ್ತಿರಲಿಲ್ಲ. ಹಾಗಾದರೆ ನೀವು ದೂರು ಕೊಟ್ಟೇ ಇಲ್ಲ ಎಂದಾಗುತ್ತದೆ, ಮೊದಲಿಂದ ಶುರು ಮಾಡೋಣ ಎಂದರು ಶಿಲ್ಪಾರಾಣಿ. ಹೆಂಗಸರಿಗೆ ಸರ್ಕಾರದ ಕಾನೂನು ಸೇವೆಯಿಂದ ವಕೀಲರು ಪುಕ್ಕಟೆ ಸಿಗುತ್ತಾರೆ, ನಾನೂ ಆ ಪಟ್ಟಿಯಲ್ಲಿದ್ದೇನೆ, ಫೀಸಿನ ಚಿಂತೆ ಬೇಡ ಎಂದೂ ಹೇಳಿದರು.

ಮನೆಯಲ್ಲಿ ಪೋಚಪ್ಪ ಒಪ್ಪಲಿಲ್ಲ. ಸಾವ್ಕಾರನ ಮೇಲೆ ಅರ್ಜಿ ಕೊಟ್ಟು ಈ ಊರಲ್ಲಿ ಹೇಗಿರುತ್ತೀ ಎಂದು ಕೇಳಿದರು. ಅವರ ಭಯ ಸುಳ್ಳಲ್ಲ. ಗೋಣಿ ಹೊಲಿಯುವ ಕೆಲಸವೂ ಅದೇ ಗೋದಾಮಿನಿಂದ ಬರುತ್ತಿತ್ತು. ಈಶಮ್ಮ ವಾದ ಮಾಡಲಿಲ್ಲ. ಅರ್ಜಿ ಸಾವ್ಕಾರನ ಮೇಲಲ್ಲ, ಕೆಲಸ ಮಾಡದ ಪಂಚಾಯಿತಿಯ ಮೇಲೆ ಎಂದು ವಕೀಲರು ಹೇಳಿದ್ದನ್ನೇ ಹೇಳಿದರು. ಪೋಚಪ್ಪ ದಬ್ಬಣಕ್ಕೆ ದಾರ ಪೋಣಿಸಿ, ಬಸ್ಸಿಗೆ ನಾನೂ ಬರುತ್ತೇನೆ ಎಂದರು.

ಅಲ್ಲಿಂದ ಶುರುವಾಯಿತು ಓಡಾಟ. ಹೊಸ ಅರ್ಜಿಯನ್ನು ಅಂಚೆಯಲ್ಲಿ ರಿಜಿಸ್ಟರ್ ಮಾಡಿ ಕಳಿಸಿ, ತಲುಪಿದ್ದಕ್ಕೆ ಸಹಿಯಾದ ಚೀಟಿ ಇಟ್ಟುಕೊಂಡರು. ಮಾಹಿತಿ ಹಕ್ಕಿನಲ್ಲಿ ಕೇಳಿದಾಗ ಪಂಚಾಯಿತಿಯೇ ಒಪ್ಪಿಕೊಂಡಿತು. ಅನುಮತಿ ಇದ್ದದ್ದು ಗೋದಾಮಿನ ರಿಪೇರಿಗೆ ಮಾತ್ರ, ಗಲ್ಲಿಯಲ್ಲಿ ಕಟ್ಟಲು ಅಲ್ಲ. ಇಷ್ಟು ಗೊತ್ತಿದ್ದೂ ಪಂಚಾಯಿತಿ ನೋಟಿಸು ಕೊಡಲಿಲ್ಲ. ಒಂದು ಸೋಮವಾರ ಜಿಲ್ಲಾ ಕೇಂದ್ರ ಸಂಗಾರೆಡ್ಡಿಗೆ ಹೋಗಿ, ಪ್ರಜಾವಾಣಿ ಎಂದು ಕರೆಯುವ, ಜಿಲ್ಲಾಧಿಕಾರಿ ಜನರ ದೂರು ಕೇಳುವ ಸಭೆಯಲ್ಲಿ ಸಾಲು ನಿಂತರು. ಅಲ್ಲಿ ಅರ್ಜಿ ತೆಗೆದುಕೊಂಡು ರಸೀದಿಯನ್ನೂ ಕೊಟ್ಟರು. ಆದರೆ ವಿಚಾರಣೆಗೆಂದು ಆ ಅರ್ಜಿ ಕೆಳಗಿಳಿಯುತ್ತ ಇಳಿಯುತ್ತ ಬಂದು ಸೇರಿದ್ದು ಹಳೇಗಂಜಿನ ಅದೇ ಮೇಜಿಗೆ. ಯಾರ ಮೇಲೆ ದೂರೋ ಅವರ ಕೈಗೇ ದೂರು ಬಂದಿತ್ತು.

ಈ ಸುದ್ದಿ ತಿಳಿದ ದಿನ ಈಶಮ್ಮ ಊಟ ಮಾಡಲಿಲ್ಲ. ಮರುದಿನ ನಾರಾಯಣಖೇಡಕ್ಕೆ ಹೋಗಿ, ಇನ್ನು ಸಾಕು ಎಂದು ಶಿಲ್ಪಾರಾಣಿಯವರ ಮುಂದೆ ಕೂತರು. ಆಗ ಅವರು ಬಿಡಿಸಿ ಹೇಳಿದ್ದನ್ನು ಈಶಮ್ಮ ಇವತ್ತಿಗೂ ಮಗ್ಗಿಯ ಹಾಗೆ ಒಪ್ಪಿಸುತ್ತಾರೆ. ಕಂಬ ಏಳುವಾಗಲೇ ಬಂದಿದ್ದರೆ ಇಲ್ಲಿನ ಸಿವಿಲ್ ಕೋರ್ಟಿನಲ್ಲೇ ಕೆಲಸ ನಿಲ್ಲಿಸುವ ತಡೆಯಾಜ್ಞೆ ಕೇಳಬಹುದಿತ್ತು. ಈಗ ಗೋಡೆ ಮುಗಿದಿದೆ. ದೂರು ಕೊಟ್ಟಿದ್ದೇವೆ, ದೂರು ಮುಟ್ಟಿದ್ದಕ್ಕೆ ಸಾಕ್ಷಿ ಇದೆ, ಆದರೂ ಕೆಲಸ ಮಾಡಬೇಕಾದವರು ಮಾಡುತ್ತಿಲ್ಲ. ಇಂಥ ಹೊತ್ತಿಗೆಂದೇ ಹೈಕೋರ್ಟಿಗೆ ರಿಟ್ ಅರ್ಜಿ ಹಾಕುವ ದಾರಿ ಇದೆ.

"ಕೋರ್ಟ್ ಬಂದು ಗ್ವಾಡಿ ಕೆಡವ್ತದೇನ್ರಿ ಅಂತ ಕೇಳ್ದೆ. ಇಲ್ಲವ್ವಾ, ಕೆಡವೋದು ಪಂಚಾಯಿತಿ ಕೆಲಸ, ಆ ಕೆಲಸ ಮಾಡ್ರಿ ಅಂತ ಕೋರ್ಟ್ ಹೇಳ್ತದ ಅಂದ್ರು ಮೇಡಂ. ಮಲಗಿದವರಿಗಿ ಎಬ್ಬಸೋದು ಅಷ್ಟೇ ಅಂದ್ರು."

ಹೈದರಾಬಾದಿನಲ್ಲಿ ಕಾನೂನು ಸೇವಾ ಸಮಿತಿ ಒಬ್ಬ ವಕೀಲರನ್ನು ಕೊಟ್ಟಿತು. ವಿಚಾರಣೆಯ ದಿನ ಬರಲೇಬೇಕೆಂದೇನೂ ಇರಲಿಲ್ಲ. ಆದರೂ ಗಂಡ ಹೆಂಡತಿ ನಸುಕಿನ ಬಸ್ಸು ಹತ್ತಿದರು. ದೊಡ್ಡ ಕಟ್ಟಡ, ಕರಿಕೋಟುಗಳ ಸಂತೆ. ಒಳಗೆ ಎಲ್ಲ ಇಂಗ್ಲಿಷು. ತಮ್ಮ ಹೆಸರು ಯಾವಾಗ ಕರೆದರೋ, ಯಾರು ಏನು ಅಂದರೋ ಒಂದೂ ತಿಳಿಯಲಿಲ್ಲ. ಪೋಚಪ್ಪ ಕೈಮುಗಿದುಕೊಂಡೇ ನಿಂತಿದ್ದರು. ಸ್ವಲ್ಪ ಹೊತ್ತಿಗೆ ವಕೀಲರು ಹೊರಗೆ ಬಂದು, ಆಯಿತು ನಡೆಯಿರಿ ಎಂದರು. ಬಸವರಾಜರ ಮಾತನ್ನೂ ಕೇಳಿ, ಈಶಮ್ಮನ ದೂರಿನ ಮೇಲೆ ಕಾನೂನಿನ ಪ್ರಕಾರ ಗೊತ್ತುಪಡಿಸಿದ ವಾರಗಳೊಳಗೆ ಕ್ರಮ ಕೈಗೊಳ್ಳಬೇಕೆಂದು ಪಂಚಾಯಿತಿಗೆ ಆದೇಶವಾಗಿತ್ತು.

"ಎರಡು ಸುಗ್ಗಿ ತಿರುಗಿದ್ದು ಎರಡು ಮಾತಿನಾಗ ಆತು," ಎಂದು ಈಶಮ್ಮ ನಗುತ್ತಾರೆ. "ನಮ್ಮ ಮುದುಕ ಕೇಳ್ತಾನ, ಇಷ್ಟಕ್ಕ ಇಷ್ಟು ದೂರ ಬರಬೇಕಿತ್ತಾ ಅಂತ. ಬರಬೇಕಿತ್ತು ನೋಡು ಅಂದೆ."

ಆದೇಶದ ಪ್ರತಿ ಊರಿಗೆ ಬಂದ ಮೇಲೆ ಒಂದು ಸಂಜೆ ಬಸವರಾಜ ಕೇರಿಗೆ ಬಂದರು. ಆ ಮನೆಯವರು ಈ ಹೊಸ್ತಿಲಿಗೆ ಬಂದದ್ದು ಅದೇ ಮೊದಲು. ಈಶಮ್ಮ ಕುರ್ಚಿ ಹಾಕಿ ಚಹಾ ಕೊಟ್ಟರು. ಬಸವರಾಜ ಕುಡಿದರು. ಸಿಟ್ಟು ಮಾಡಲಿಲ್ಲ, ಹೆದರಿಸಲಿಲ್ಲ. ಸಾಲ ತಂದು ಕಟ್ಟಿದ್ದೇನೆ, ಮುಳುಗಿಹೋಗುತ್ತೇನೆ ಎಂದರು. ಗೋದಾಮಿನ ಒಳಗೆ ಜಾಗ ಕೊಡುತ್ತೇನೆ, ದೊಡ್ಡ ಫ್ಯಾನು ಹಾಕಿಸುತ್ತೇನೆ, ಬಿಸಿಲಿಲ್ಲದೆ ಮಳೆಯಿಲ್ಲದೆ ವರ್ಷಪೂರ್ತಿ ತೂರಬಹುದು, ದೂರು ಹಿಂದಕ್ಕೆ ತೆಗೆದುಕೋ ಎಂದು ಕೇಳಿದರು.

ಪೋಚಪ್ಪ ಹೆಂಡತಿಯ ಮುಖ ನೋಡಿದರು. ಮಾತು ತೀರ ಕೆಟ್ಟದ್ದಾಗಿರಲಿಲ್ಲ. ವಯಸ್ಸಾದ ಹೆಂಗಸಿಗೆ ನೆರಳಲ್ಲಿ ಕೆಲಸ ಸಿಕ್ಕರೆ ಬೇಡ ಎನ್ನುವವರು ಯಾರು? ಈಶಮ್ಮ ಖಾಲಿ ಕಪ್ಪನ್ನು ಒಳಗಿಟ್ಟು ಬಂದರು.

"ಬಸಣ್ಣಾ, ಗಲ್ಲಿ ನಂದಾಗಿದ್ರ ನಿನಗ ಕೊಟ್ಟುಬಿಡ್ತಿದ್ದೆ," ಎಂದರು. "ನಿಮ್ಮಪ್ಪನ ಉಪ್ಪು ತಿಂದೀನಿ. ಆದ್ರ ಅದು ನಂದಲ್ಲ. ನಂದಲ್ಲದ್ದು ನಾ ಹ್ಯಾಂಗ ಕೊಡ್ಲಿ?"

ಬಸವರಾಜ ಎದ್ದು ಹೋದರು. ಮರುದಿನದಿಂದ ಗೋದಾಮಿನ ಗೋಣಿಗಳು ಪೋಚಪ್ಪನಿಗೆ ಬರುವುದು ನಿಂತವು. ಗಂಜಿನಲ್ಲಿ ಕೆಲವರು ಈಶಮ್ಮನಿಗೆ ಕಾಳು ಕೊಡುವುದನ್ನೂ ಬಿಟ್ಟರು. ಊರಿನ ಹಳೆಯ ಗೆಳತಿಯರು ಎದುರಿಗೆ ಸಿಕ್ಕರೆ ಬೇರೆ ದಾರಿ ಹಿಡಿದರು. ಬಿಡದೆ ಜೊತೆಗಿದ್ದವರು ಮಥುರಾಬಾಯಿ ಒಬ್ಬರೇ. ಸೊಟ್ಟ ಕೈಯಲ್ಲೇ ರೊಟ್ಟಿ ಬಡಿದು ತಂದುಕೊಡುತ್ತಿದ್ದರು.

ಇತ್ತ ಕೋರ್ಟು ಕೊಟ್ಟ ವಾರಗಳು ಕಳೆದವು. ಪಂಚಾಯಿತಿ ಮತ್ತೆ ಮಲಗಿತ್ತು. ಶಿಲ್ಪಾರಾಣಿ ಹೈದರಾಬಾದಿಗೆ ಫೋನು ಮಾಡಿದರು. ಆದೇಶ ಪಾಲಿಸದ ಅಧಿಕಾರಿಗಳ ಮೇಲೆ ನ್ಯಾಯಾಂಗ ನಿಂದನೆಯ ಅರ್ಜಿ ಹೋಯಿತು. ಈ ಸಲ ನೋಟಿಸು ಬಂದದ್ದು ಕಚೇರಿಗಲ್ಲ, ಕುರ್ಚಿಯಲ್ಲಿ ಕೂತವರ ಹೆಸರಿಗೆ. ನೀವೇ ಬಂದು ಕಾರಣ ಹೇಳಿ ಎಂದು ಅದರಲ್ಲಿತ್ತು. ಅಷ್ಟು ದಿನ ಸಿಗದ ಅಳತೆಯವರು ಅದೇ ವಾರ ಸಿಕ್ಕರು. ಬಸವರಾಜರಿಗೆ ನೋಟಿಸು ಹೋಯಿತು, ಅವರ ಉತ್ತರ ಪಡೆದರು, ಗಲ್ಲಿಯ ಜಾಗವನ್ನು ಅಳೆದು ಸುಣ್ಣದ ಗೆರೆ ಹಾಕಿದರು, ತೆರವಿನ ಆದೇಶ ಹೊರಡಿಸಿದರು.

ಕೆಡವುವ ದಿನ ಊರೇ ಸೇರಿತ್ತು. ಜೆಸಿಬಿ ಬಂತು. ತಡ ಮಾಡಿದ ತಪ್ಪನ್ನು ಆತುರದಲ್ಲಿ ತೊಳೆದುಕೊಳ್ಳಲು ಹೊರಟವರಂತೆ ಅಧಿಕಾರಿಗಳು ಗದ್ದಲ ಮಾಡುತ್ತಿದ್ದರು. ಯಂತ್ರದ ಕೈ ಸುಣ್ಣದ ಗೆರೆ ದಾಟಿ ಹಳೆಯ ಗೋದಾಮಿನ ಕಲ್ಲುಗೋಡೆಯ ಕಡೆ ತಿರುಗಿತು. ಗೋದಾಮಿನ ಮೇಲೆಯೇ ಇದ್ದ ಮನೆಯ ಕಿಟಕಿಯಲ್ಲಿ ಬಸವರಾಜರ ತಾಯಿ ಜನಾಬಾಯಿ ನಿಂತಿದ್ದರು. ಎಂಬತ್ತು ದಾಟಿದ ಹೆಂಗಸು, ಎರಡೂ ಕೈಯಲ್ಲಿ ಕಿಟಕಿಯ ಸರಳು ಹಿಡಿದಿದ್ದರು.

ಈಶಮ್ಮ ಯಂತ್ರದ ಮುಂದೆ ಹೋಗಿ ನಿಂತರು. ಚಾಲಕ ಸರಿಯಲು ಹೇಳಿದ. ಸರಿಯಲಿಲ್ಲ.

"ಗೆರಿ ಎಲ್ಲಿ ಅದನೋ ಅಲ್ಲೀ ತನಕ," ಎಂದರು. "ಅದರ ಆಚೀ ಕಡೀದು ಅವರ ಮನಿ."

ಕಾರ್ಯದರ್ಶಿ ಚಾಲಕನಿಗೆ ಕೈಸನ್ನೆ ಮಾಡಿದರು. ಯಂತ್ರ ಹಿಂದೆ ಸರಿದು ಗೆರೆಯೊಳಗಿನ ಗೋಡೆ, ಕಂಬ, ಚಾವಣಿಯನ್ನಷ್ಟೇ ಉರುಳಿಸಿತು. ಮಧ್ಯಾಹ್ನದ ಹೊತ್ತಿಗೆ ಇಟ್ಟಿಗೆ ರಾಶಿಯ ಮೇಲಿಂದ ಕೆರೆ ಏರಿ ಕಂಡಿತು. ದೂಳು ಇನ್ನೂ ಕೂತಿರಲಿಲ್ಲ. ಅದು ನಿಧಾನವಾಗಿ ಒಂದೇ ಕಡೆಗೆ ಸರಿಯುವುದನ್ನು ಈಶಮ್ಮ ನೋಡುತ್ತ ನಿಂತರಂತೆ. ಪಕ್ಕದಲ್ಲಿದ್ದ ಮಥುರಾಬಾಯಿ ಅಳುತ್ತಿದ್ದರಂತೆ.

ಗೆದ್ದ ಮೇಲೆ ಎಲ್ಲ ಸರಿಹೋಯಿತು ಎಂದು ಹೇಳಿದರೆ ಅದು ಕಥೆಯಾಗುತ್ತದೆ. ಜಹೀರಾಬಾದಿಗೆ ಹೋದ ಇಬ್ಬರು ಹೆಂಗಸರು ತಿರುಗಿ ಬರಲಿಲ್ಲ. ಸಾಲು ಮಣೆಗಳ ಕಾಲವೂ ಬರುವುದಿಲ್ಲ, ಈಶಮ್ಮನಿಗೂ ಅದು ಗೊತ್ತು. ಬಸವರಾಜ ಒಂದಿಡೀ ಸುಗ್ಗಿ ಅವರತ್ತ ತಿರುಗಿ ನೋಡಲಿಲ್ಲ. ಆದರೆ ಮುಂದಿನ ಮಳೆಗಾಲದ ಹೊಸ್ತಿಲಲ್ಲಿ ಜನಾಬಾಯಿ ಒಂದು ಬುಟ್ಟಿ ಹೆಸರು ಕಳಿಸಿದರು. ಬಿತ್ತನೆಯ ಬೀಜ, ಈಶಮ್ಮನ ಕೈಯಿಂದಲೇ ಹಸನಾಗಬೇಕು ಎಂದು ಹೇಳಿ ಕಳಿಸಿದ್ದರು. ಬುಟ್ಟಿ ಹೊತ್ತು ತಂದವರು ಬಸವರಾಜರೇ. ಗಲ್ಲಿಯ ಬಾಯಲ್ಲಿ ಇಳಿಸಿ, ಗಾಳಿ ಹ್ಯಾಂಗದ ಇವತ್ತು ಎಂದು ಕೇಳಿದರು. ಚಲೋ ಅದ ಎಂದರು ಈಶಮ್ಮ. ಅಲ್ಲಿಂದ ಮಾತು ಶುರುವಾಯಿತು. ಗೋಣಿಗಳೂ ಪೋಚಪ್ಪನ ಬಳಿಗೆ ಮರಳಿವೆ.

ಈಗ ಹೊಸದೊಂದು ಕೆಲಸ ಈಶಮ್ಮನಿಗೆ ಅಂಟಿಕೊಂಡಿದೆ. ಯಾವುದೋ ಹಳ್ಳಿಯಲ್ಲಿ ದಾರಿ ಮುಚ್ಚಿದ್ದಾರೆ, ಮತ್ತೆಲ್ಲೋ ಕೆರೆ ಅಂಚಿನಲ್ಲಿ ಕಟ್ಟಿದ್ದಾರೆ, ಹೇಳಿದರೆ ಯಾರೂ ಕೇಳುತ್ತಿಲ್ಲ ಎಂದು ಜನ ಗಲ್ಲಿಗೆ ಬರುತ್ತಾರೆ. ಈಶಮ್ಮ ಮಣೆ ಇಳಿಯುವುದಿಲ್ಲ. ಅರ್ಜಿ ಬರೆದು ಕೊಡಿರಿ, ಮುದ್ರೆ ಹಾಕಿಸಿಕೊಳ್ಳಿರಿ, ಗೋಡೆ ಏಳುವ ಮೊದಲೇ ಹೋಗಿರಿ ಎಂದು ಮೇಲಿನಿಂದಲೇ ಹೇಳಿ ಶಿಲ್ಪಾರಾಣಿಯವರ ಕಡೆ ಕಳಿಸುತ್ತಾರೆ. ನನಗೆ ಅಷ್ಟೇ ಗೊತ್ತು, ಉಳಿದದ್ದು ಮೇಡಂ ಹೇಳುತ್ತಾರೆ ಎನ್ನುತ್ತಾರೆ.

ಬಿಸಿಲೇರಿದೆ. ಗಾಳಿ ಬಿದ್ದಿದೆ. ಈಶಮ್ಮ ಮಣೆಯಿಂದಿಳಿದು ಟವೆಲ್ಲು ಬಿಚ್ಚಿ ಕೊಡವುತ್ತಾರೆ. ಇನ್ನೇನು ಆಸೆ ಉಳಿದಿದೆ ಎಂದು ಕೇಳಿದರೆ ಗಂಡನ ಕಡೆ ನೋಡಿ ನಗುತ್ತಾರೆ. ಪೋಚಪ್ಪನಿಗೆ ಆಗಲೇ ಗೊತ್ತು, ತಲೆಯಲ್ಲಾಡಿಸುತ್ತಾರೆ.

"ಈ ಗಲ್ಲಿಗಿ ಒಂದು ಬೋರ್ಡ್ ಹಾಕ್ರಿ ಅಂತ ಪಂಚಾಯಿತಿಗಿ ಅರ್ಜಿ ಕೊಟ್ಟೀನ್ರಿ. ನನ್ನ ಹೆಸರು ಬ್ಯಾಡ. ಹವಾ ಗಲ್ಲಿ, ಎಲ್ಲಾರದು, ಇಷ್ಟ ಬರದ್ರ ಸಾಕು. ಕನ್ನಡದಾಗೂ ಬರೀರಿ, ತೆಲುಗಿನಾಗೂ ಬರೀರಿ ಅಂತ ಹೇಳೀನಿ."

ಪಂಚಾಯಿತಿಯವರು ಏನೆಂದರು?

"ಇನ್ನ ಏನೂ ಅಂದಿಲ್ರಿ," ಎನ್ನುತ್ತ ಈಶಮ್ಮ ರಾಶಿಯ ಅಂಚನ್ನು ಅಂಗೈಯಿಂದ ಒಟ್ಟು ಮಾಡುತ್ತಾರೆ. "ಅವಸರೇನಿಲ್ಲ. ಮುಂದ ಎಲ್ಲೆಲ್ಲಿ ಹೋಗಬೇಕು ಅಂತ ಈಗ ನನಗ ಗೊತ್ತದ ಅಲ್ರಿ."